ಕೀರ್ತನ್ ಹೆಸರಲ್ಲಿ ಆಡಿದವರು

ಕೀರ್ತನ್,

ನೀನು ತೀರಿಕೊಂಡ ಮೇಲೆ ಇವತ್ತೇ ಮೊದಲ ಸಲ ನಮ್ಮ ಆನ್‌ಲೈನ್ ದೆವ್ವದ ಗೇಮ್ ಹೋಸ್ಟ್ ಮಾಡಿದೆ. ಜೊತೆಗೆ ಆಡಲು ಬಂದದ್ದು ನಿನ್ನಮ್ಮ, ಕೋಪರಿಯಲ್ಲಿರುವ ನಿಮ್ಮ ಮನೆಯಿಂದ, ನಿನ್ನದೇ ಅಕೌಂಟಿನಲ್ಲಿ. "ಅವನು ಅಷ್ಟು ಹೊತ್ತು ಕೂತು ಎಂತ ಆಡ್ತಿದ್ದ ಅಂತ ಒಮ್ಮೆ ನೋಡ್ಬೇಕು ಮಗಾ" ಅಂದಿದ್ದರು.

ಗೇಮಿನ ಹಳೇ ಬಂಗಲೆಯೊಳಗೆ ದೆವ್ವ ನನ್ನನ್ನು ಕೆಡವಿತು. ಆಂಟಿ ಆಗಲೇ ಹೊರಬಾಗಿಲು ತಲುಪಿದ್ದರು. ಆದರೂ ತಲೆಯ ಮೇಲೆ ನಿನ್ನ ಹೆಸರಿದ್ದ ಅವರ ಗೊಂಬೆ ಗೋಡೆಗೆ ಢಿಕ್ಕಿ ಹೊಡೆಯುತ್ತಾ ನನ್ನತ್ತ ವಾಪಸ್ ಬಂತು.

"ಆಂಟಿ, ನೀವು ಓಡಿ!"

"ನಿನ್ನನ್ನು ಬಿಟ್ಟು ಹೋಗುವುದುಂಟಾ?"

ಇಬ್ಬರೂ ಸತ್ತೆವು. ಆಂಟಿ ಕೇಳಿದರು: "ಅವನೂ ಹೀಗೇ ತಿರುಗಿ ಬರ್ತಿದ್ದನಾ?"

ನೀನು ಯಾವಾಗಲೂ ಮೊದಲು ಬಾಗಿಲು ದಾಟಿ, ಅಲ್ಲಿಂದಲೇ ನಗುತ್ತಿದ್ದೆ.

"ಬರ್ತಿದ್ದ ಆಂಟಿ, ಪ್ರತೀ ಸಲ" ಅಂದೆ.

ಶ್ರೀವಿದ್ಯಾ