ಮೊಳೆಯುವಂಥದ್ದನ್ನು ಇಡಬಾರದು

ತಗ್ಮುತ್
ಖರ್ಜೂರ ಕೊಯ್ಲಿನ ಇಪ್ಪತ್ತನೆಯ ದಿನ, ಗುರುವಾರ

ಪ್ರೀತಿಯ ಯಮ್ಮಾ,

ನಿನ್ನ ತೂದಾ ಮಾಡುವ ಸಲಾಮು. ಕಡಲ ಗಾಳಿಗೆ ನಿನ್ನ ಮಂಡಿನೋವು ಎಷ್ಟೋ ವಾಸಿ ಎಂದು ಒಂಟೆಯವನು ಹೇಳಿದ, ಜೀವಕ್ಕೆ ಸಮಾಧಾನವಾಯಿತು. ಯಾಮ್ನಾ ಅಕ್ಕನ ಮನೆಯಲ್ಲಿ ದಿನಾ ಮೀನು ತಿಂದು ಬೇಸತ್ತಿದ್ದೀಯಂತೆ. ಇದರ ಜೊತೆ ಒಂದು ಬುಟ್ಟಿ ಖರ್ಜೂರ ಕಳಿಸಿದ್ದೇನೆ.

ವಿಷಯಕ್ಕೆ ಬರುತ್ತೇನೆ. ಕಲ್ಲಿನ ನಿಯಮವೊಂದನ್ನು ಮುರಿಯಬೇಕೆಂದು ನಿಶ್ಚಯಿಸಿದ್ದೇನೆ. ಬೈಯುವ ಮುಂಚೆ ಪೂರ್ತಿ ಓದು. ಅಕ್ಕನ ಕೈಯಲ್ಲಿ ಓದಿಸಬೇಡ, ಅವಳು ಅರ್ಧಕ್ಕೇ ಅಳಲು ಶುರು ಮಾಡುತ್ತಾಳೆ.

ಮೂವತ್ತು ವರ್ಷ ಆ ಕಲ್ಲನ್ನು ಕಾದವಳು ನೀನು. ನಿಯಮಗಳನ್ನು ನನಗೆ ಉಣ್ಣಿಸುವಾಗ ಹೇಳಿಕೊಟ್ಟವಳೂ ನೀನೇ. ಬೆಳಿಗ್ಗೆ ಸರಕನ್ನು ಕಲ್ಲಿನ ಮೇಲಿಡು, ಡೋಲು ಬಡಿ, ಬೆನ್ನು ತಿರುಗಿಸಿ ಗೋಡೆಯ ಈಚೆ ಬಾ. ನೂರಿನ್ನೂರು ವರ್ಷ ಮುಂದಿನ ಕಾಲದವರು ಆಚೆಯಿಂದ ಬಂದು ತಮ್ಮದನ್ನು ಪಕ್ಕದಲ್ಲಿಟ್ಟು ಹೋಗುತ್ತಾರೆ. ಒಪ್ಪಿಗೆಯಾದರೆ ಅವರದನ್ನು ಎತ್ತಿಕೋ, ಇಲ್ಲವಾದರೆ ಎರಡನ್ನೂ ಬಿಟ್ಟು ಬಾ, ಅವರು ಇನ್ನಷ್ಟು ಸೇರಿಸುತ್ತಾರೆ. ಮಾತಿಲ್ಲ, ಬರಹವಿಲ್ಲ. ಅವರ ಮುಖ ನೋಡಿದವರು ಅವರ ಕಾಲಕ್ಕೇ ಸೇರಿಹೋಗುತ್ತಾರೆ. ಮೊಳೆಯುವಂಥದ್ದು ಯಾವುದನ್ನೂ ಇಡಬಾರದು, ಇಟ್ಟರೆ ಕಲ್ಲು ಬಿರಿಯುತ್ತದೆ. ಅದಕ್ಕೇ ತಾನೆ ಊರಿನ ಹೆಂಗಸರೆಲ್ಲ ಕೂತು ಒಂದೊಂದೇ ಖರ್ಜೂರದ ಬೀಜ ತೆಗೆಯುವುದು.

ಹೋದ ತಿಂಗಳು ನನ್ನಿಂದ ಒಂದು ಬೀಜ ತಪ್ಪಿತು. ಪಕ್ಕದಲ್ಲಿ ಫಾದ್ಮಾ ಚಿಕ್ಕಮ್ಮ ಕೂತು ಸೊಸೆಯ ಮೇಲೆ ದೂರು ಹೇಳುತ್ತಿದ್ದಳು. "ಚಹಾಕ್ಕೆ ನಾಲ್ಕು ಎಲೆ ಪುದಿನ ಕಿತ್ಕೊಂಡ್ ಬಾರೇ ಅಂದ್ರೆ, ಮಹಾರಾಣಿ ಬೇರು ಸಮೇತ ಕಿತ್ಕೊಂಡ್ ಬಂದ್ಲು ಕಣೇ! ಇನ್ನು ಆ ಜಾಗದಲ್ಲಿ ನನ್ನೇ ನೆಡಬೇಕು" ಎಂದಳು. ನಗುತ್ತ ನಗುತ್ತ ನಾನು ಒಂದು ಹಣ್ಣನ್ನು ಹಾಗೇ ಬುಟ್ಟಿಗೆ ಹಾಕಿಬಿಟ್ಟಿದ್ದೆ.

ಡೋಲು ಬಡಿದು ಈಚೆ ಬಂದು, ಮತ್ತೆ ಹೋಗಿ ನೋಡಿದರೆ ಕಲ್ಲಿನ ಮೇಲೆ ಜಾಗವೇ ಇರಲಿಲ್ಲ. ತುಕ್ಕು ಹಿಡಿಯದ ಸೂಜಿಗಳ ಕಟ್ಟು, ಬಿಸಿಲಲ್ಲೂ ತಣ್ಣಗಿರುವ ಬಟ್ಟೆ, ಎಣ್ಣೆಯಿಲ್ಲದೆ ಉರಿಯುವ ದೀಪಗಳು. ಯಾವುದೋ ಮಗು ಹಾಕಿ ಸವೆಸಿದ ಒಂದು ಜೊತೆ ಚಪ್ಪಲಿ ಕೂಡ. ಮನೆಯಲ್ಲಿದ್ದುದನ್ನೆಲ್ಲ ಗುಡಿಸಿ ತಂದಿಟ್ಟಿದ್ದರು. ನಮ್ಮ ಖರ್ಜೂರದ ಬುಟ್ಟಿಯನ್ನು ಆಚೆ ಸರಿಸಿ, ಆ ಒಂದು ಬೀಜವನ್ನು ಮಾತ್ರ ಒಗೆದ ಬಟ್ಟೆಯ ಮೇಲೆ ಇಟ್ಟಿದ್ದರು. ಇದೊಂದನ್ನು ಕೊಡಿ, ಇಷ್ಟನ್ನೂ ತೆಗೆದುಕೊಳ್ಳಿ ಎಂದು ಅದರ ಅರ್ಥ. ನನಗೆ ಥಟ್ಟನೆ ಹೊಳೆಯಿತು ಯಮ್ಮಾ, ಅವರ ಕಾಲದಲ್ಲಿ ಖರ್ಜೂರದ ಮರವೇ ಇಲ್ಲ.

ಆಗ ನಾನೇನು ಮಾಡಿದೆ ಗೊತ್ತೇ? ನಿಯಮ ನೆನಪಾಗಿ, ಅವರದನ್ನೆಲ್ಲ ಅಲ್ಲೇ ಬಿಟ್ಟು, ಬೀಜವನ್ನು ಎತ್ತಿ ಸೊಂಟಕ್ಕೆ ಸಿಕ್ಕಿಸಿಕೊಂಡು ಬಂದೆ. ಆ ನಾಚಿಕೆ ಇನ್ನೂ ಹೋಗಿಲ್ಲ.

ಊರಿನ ಹಿರಿಯರನ್ನು ಸೇರಿಸಿ ಹೇಳಿದೆ. ನಿನ್ನ ತಮ್ಮ ಬಾಸ್ಸು ಮಾವ ಅಲ್ಲಿ ಯಜಮಾನ ತಾನೆ? ಅವನ ಮುಖ ಅರಳಿತು. "ಅಯ್ಯೋ ಹುಚ್ಚಿ, ಇದನ್ನ ಅಳ್ತಾ ಹೇಳ್ತೀಯಲ್ಲೇ! ಬೀಜ ಬೇಯ್ಸಿ ಇಡೋಣ. ಮೊಳೆಯಲ್ಲ ಅಂದ್ಮೇಲೆ ನಿಯಮ ಎಲ್ಲಿ ಮುರೀತು?" ಎಂದ. ಎಲ್ಲರೂ ತಲೆದೂಗಿದರು. ಅವರು ನಮ್ಮ ಮೊಮ್ಮಕ್ಕಳ ಮೊಮ್ಮಕ್ಕಳು ಮಾವ ಎಂದೆ. "ಮೊದ್ಲು ಹುಟ್ಲಿ ಬಿಡು, ಆಮೇಲೆ ಮುದ್ದು ಮಾಡೋಣ" ಎಂದು ನಗಿಸಿದ. ಆಮೇಲೆ ನಗು ಬಿಟ್ಟು, "ಗಿಡ ಕೊಟ್ರೆ ಅವರೇ ಬೆಳ್ಕೋತಾರೆ. ಮತ್ಯಾರು ಬರ್ತಾರೆ ನಮ್ಮ ಕಲ್ಲಿನ ಹತ್ರ? ಊರೇನು ಮಣ್ಣು ತಿನ್ಬೇಕಾ ತೂದಾ?" ಎಂದು ಕೇಳಿದ.

ಆ ಮಾತನ್ನು ನಾನು ತಳ್ಳಿಹಾಕುವುದಿಲ್ಲ. ಕಲ್ಲಿಲ್ಲದಿದ್ದರೆ ತಗ್ಮುತ್ ಬಡವಾಗುತ್ತದೆ, ನಿಜ. ಆದರೆ ಬೇಯಿಸಿದ ಬೀಜವನ್ನು ಮಣ್ಣಲ್ಲಿಟ್ಟು, ಕುಡಿಯುವ ನೀರನ್ನೇ ಅದಕ್ಕೆ ಹಾಕಿ, ಇವತ್ತು ಬರುತ್ತದೆ ನಾಳೆ ಬರುತ್ತದೆ ಎಂದು ಕಾಯುವ ಮಗುವನ್ನು ನೆನೆದರೆ ಬೀಜ ಬೇಯಿಸಲು ನನಗೆ ಮನಸ್ಸು ಬಾರದು. ಕಲ್ಲು ಬಿರಿಯುತ್ತದೆ ಎಂದು ಹೆದರಿಸಿದವರು ಯಾರು ಎಂದು ಈಗ ಅರ್ಥವಾಗಿದೆ. ಮಾರುವವರೇ ಮಾಡಿಕೊಂಡ ನಿಯಮ ಅದು. ನಿನಗೂ ಗೊತ್ತಿತ್ತೇ? ಗೊತ್ತಿದ್ದರೆ ನನಗೆ ಹೇಳಬೇಡ.

ಬೀಜ ಕೊಟ್ಟರೆ ಸಾಲದು, ಅದರಿಂದ ಎದ್ದ ಗಿಡಗಳಲ್ಲಿ ಅರ್ಧ ಗಂಡಾಗುತ್ತವೆ, ಹಣ್ಣು ಬಿಡುವುದಿಲ್ಲ. ಅದಕ್ಕೆ ಮರದ ಬುಡದ ಕಂದುಗಳನ್ನೇ ಕೊಡುತ್ತೇನೆ. ಬಾವಿಯ ಪಕ್ಕದ ಹೆಣ್ಣು ಮರದಿಂದ ಎಂಟು, ಪರಾಗಕ್ಕೆಂದು ಗಂಡು ಮರದಿಂದ ಒಂದು. ಶನಿವಾರ ಬೆಳಿಗ್ಗೆ ಇಡುತ್ತೇನೆ. ಗೊತ್ತಾದರೆ ಕಲ್ಲಿನ ಕಾವಲು ನಮ್ಮ ಮನೆತನದಿಂದ ಹೋಗುತ್ತದೆ. ನಿನ್ನ ಹೆಸರಿಗೆ ಮಸಿ ಬಳಿದಳು ಎನ್ನುತ್ತಾರೆ. ಅದಕ್ಕೆ ಕ್ಷಮೆ ಕೇಳುತ್ತೇನೆ, ಕಂದು ಇಡುವುದಕ್ಕೆ ಕೇಳುವುದಿಲ್ಲ. ನಿನ್ನ ಒಪ್ಪಿಗೆ ಸಿಕ್ಕರೆ ಮಾತ್ರ ನನಗೆ ದೊಡ್ಡ ಬಲ.

ಮಂಡಿಗೆ ಎಣ್ಣೆ ಹಚ್ಚುವುದನ್ನು ಬಿಡಬೇಡ. ಅಕ್ಕನ ಮಕ್ಕಳಿಗೆ ನನ್ನ ಮುತ್ತು.

ನಿನ್ನ ಹಟಮಾರಿ ಮಗಳು,
ತೂದಾ

ಮರೆತ ಮಾತು: ಮರೆತದ್ದಲ್ಲ ಯಮ್ಮಾ, ಮುಚ್ಚಿಟ್ಟದ್ದು. ಬರುವ ಶನಿವಾರವಲ್ಲ, ಹೋದ ಶನಿವಾರವೇ ಇಟ್ಟಾಯಿತು. ಕಲ್ಲು ಬಿರಿಯಲಿಲ್ಲ. ನಾವು ನೆಡುವ ಮುನ್ನ ಮಾಡುವ ಹಾಗೆಯೇ ಗರಿಗಳನ್ನು ಕತ್ತರಿಸಿ, ಹಗ್ಗದಿಂದ ಬಿಗಿದು ಇಟ್ಟಿದ್ದೆ. ಅದೇ ತಪ್ಪಾಯಿತು. ತಿರುಗಿ ಹೋದಾಗ ಒಂಬತ್ತೂ ಅಲ್ಲೇ ಇದ್ದವು. ಒಂದನ್ನು ಸೀಳಿ, ಒಳಗಿನ ಬಿಳಿ ತಿರುಳನ್ನು ಕಚ್ಚಿ ನೋಡಿದ್ದರು, ಹಲ್ಲಿನ ಗುರುತಿತ್ತು. ಬೆಲೆಯಾಗಿ ಪಕ್ಕದಲ್ಲಿ ಎರಡೇ ಎರಡು ಸೂಜಿ. ತರಕಾರಿ ಎಂದುಕೊಂಡಿದ್ದಾರೆ! ಮರವನ್ನೇ ಕಾಣದವರಿಗೆ ಕಂದು ಹೇಗೆ ಗೊತ್ತಾಗಬೇಕು? ಮಾತಿಲ್ಲದೆ, ಬರಹವಿಲ್ಲದೆ ಇದನ್ನು ಹೇಳಲಾಗದು. ಯಾರಾದರೂ ಗುಂಡಿ ತೋಡಿ, ನೆಟ್ಟು, ನೀರು ಹಾಕಿ ತೋರಿಸಬೇಕು. ಒಂಟೆಯವನ ಕೈಗೆ ಈ ಪತ್ರ ಕೊಟ್ಟವಳೇ ಗುದ್ದಲಿ ತೆಗೆದುಕೊಂಡು ಹೋಗುತ್ತೇನೆ. ಡೋಲು ಬಡಿದು ಅಲ್ಲೇ ನಿಲ್ಲುತ್ತೇನೆ, ಬೆನ್ನು ತಿರುಗಿಸುವುದಿಲ್ಲ. ಮುಖ ನೋಡಿದವರ ಬಗೆಗಿನ ಆ ನಿಯಮವೂ ಸುಳ್ಳಾಗಿದ್ದರೆ ಹಬ್ಬಕ್ಕೆ ನಾನೇ ಬಂದು ಬೈಸಿಕೊಳ್ಳುತ್ತೇನೆ. ನಿಜವಾಗಿದ್ದರೆ, ಐದಾರು ವರ್ಷ ಬಿಟ್ಟು ಆಚೆಯಿಂದ ಕಲ್ಲಿನ ಮೇಲೆ ಖರ್ಜೂರ ಬರುತ್ತದೆ. ಅದು ನಾನು ಕಳಿಸಿದ್ದು. ತರಿಸಿಕೊಂಡು ತಿನ್ನು ಯಮ್ಮಾ, ಬದಲಿಗೆ ಏನೂ ಇಡಬೇಡ.