ಕತ್ತಿ ಮೇಲೆದ್ದದ್ದು ಯಾರ ಕುತ್ತಿಗೆಯಿಂದ?

ಮಾನ್ಯ ಸರ್ಕಾರಿ ಅಭಿಯೋಜಕರೇ,

ನಾನು ನಿಮ್ಮ ಏಳನೇ ಸಾಕ್ಷಿ. ಮುಖ ನೆನಪಾಗದಿದ್ದರೆ ತಪ್ಪು ನಿಮ್ಮದಲ್ಲ, ಕಟಕಟೆಯಲ್ಲಿ ನಾನು ನಿಂತದ್ದೇ ನಾಲ್ಕು ನಿಮಿಷ. "ಆರೋಪಿ ಕತ್ತಿ ಎತ್ತಿದನೋ ಇಲ್ಲವೋ?" ಎಂದು ಕೇಳಿದಿರಿ. "ಎತ್ತಿದರು ಸ್ವಾಮಿ, ಆದರೆ..." ಎಂದೆ. "ಆದರೆಗೀದರೆ ಬೇಡ. ಆಯ್ತು, ಇಳೀರಿ," ಎಂದಿರಿ. ಆರೋಪಿಗೆಂದು ಸರ್ಕಾರವೇ ಕೊಟ್ಟ ವಕೀಲರು ಅಂದು ಬೇರೊಂದು ಕೋರ್ಟಿನಲ್ಲಿದ್ದರು, ಅವರ ಸಹಾಯಕರು ಎದ್ದು "ಪ್ರಶ್ನೆಗಳಿಲ್ಲ" ಎಂದು ಕೂತರು. ಬರುವ ಗುರುವಾರ ನೀವು ಕೊನೆಯ ವಾದ ಮಂಡಿಸುತ್ತೀರಂತೆ. ನನ್ನ ಅರ್ಧ ಮಾತನ್ನು ಹಿಡಿದುಕೊಂಡು ಒಬ್ಬ ಕ್ಷೌರಿಕರನ್ನು ಏಳು ವರ್ಷ ಒಳಗೆ ಹಾಕಿಸುತ್ತೀರಂತೆ. ಉಳಿದರ್ಧವನ್ನು ಈ ಬಹಿರಂಗ ಪತ್ರದಲ್ಲಿ ಹೇಳುತ್ತೇನೆ. ಪತ್ರಿಕೆಯಲ್ಲಿ "ಇಳೀರಿ" ಎನ್ನುವವರಿಲ್ಲವಲ್ಲ.

ನನ್ನದು ಔಷಧಿ ಅಂಗಡಿ. ಬೀದಿಯ ಈ ತುದಿಗೆ ನಾನು, ಆ ತುದಿಗೆ ಅವರ ಸಲೂನು. ಅಲ್ಲಿರುವುದು ಎರಡು ಕುರ್ಚಿ, ಒಂದು ಉದ್ದ ಕನ್ನಡಿ, ಹಿಂದೆ ನೀರು ಕಾಯಿಸುವ ಒಂದು ಸಣ್ಣ ಕೋಣೆ, ಅದಕ್ಕೊಂದು ಹಿಂಬಾಗಿಲು. ಬೀದಿಯವರೆಲ್ಲ ಅವರನ್ನು ಕರೆಯುವುದು ನಿಧಾನಪ್ಪ ಎಂದು. ಒಂದು ಗಡ್ಡಕ್ಕೆ ಮುಕ್ಕಾಲು ಗಂಟೆ ತೆಗೆದುಕೊಳ್ಳುವ ಮಹಾನುಭಾವರು. ಅವರು ಬಲಗೆನ್ನೆ ಮುಗಿಸುವಷ್ಟರಲ್ಲಿ ಎಡಗೆನ್ನೆಯಲ್ಲಿ ಮತ್ತೆ ಬೆಳೆದಿರುತ್ತದೆ ಎಂದು ನನ್ನ ಭಾವಮೈದುನ ಗೇಲಿ ಮಾಡುವುದುಂಟು. ನಿಧಾನಪ್ಪ ಸೇತುವೆಯಾಚೆಯ ಕಪ್ಪು ಜನಾಂಗದವರು. ನಾನು, ನೀವು, ನ್ಯಾಯಾಧೀಶರು, ಗಾಯಗೊಂಡವನು ಎಲ್ಲರೂ ಸೇತುವೆಯ ಈಚೆಯ ಬಿಳಿ ತೊಗಲಿನವರು. ಇಡೀ ವಿಚಾರಣೆಯಲ್ಲಿ ಈ ಮಾತನ್ನು ಯಾರೂ ಬಾಯಿಬಿಟ್ಟು ಆಡಲಿಲ್ಲ. ಅಂಗೈ ಹುಣ್ಣಿಗೆ ಕನ್ನಡಿ ಯಾಕೆ ಎಂದಿರಬೇಕು.

ಆ ವಾರ ಊರು ಸರಿಯಿರಲಿಲ್ಲ. ಆಟದ ಮೈದಾನದ ಹೊರಗೆ ಶುರುವಾದ ಹೊಡೆದಾಟ ಸೇತುವೆಯ ಎರಡೂ ಕಡೆಗೆ ಹಬ್ಬಿ, ಅಂಗಡಿಗಳ ಗಾಜು ಒಡೆದು, ಎರಡು ಬಸ್ಸು ಸುಟ್ಟಿದ್ದವು. ನಮ್ಮ ಬೀದಿಯಲ್ಲಿ ಕಪ್ಪು ಜನರ ಅಂಗಡಿ ಎಂದರೆ ಅದೊಂದೇ. "ಎರಡು ದಿನ ಬಾಗಿಲು ಹಾಕ್ಬಾರ್ದಾ ಮಾರಾಯ್ರೆ?" ಎಂದೆ. "ಗಡ್ಡಕ್ಕೆ ಗಲಾಟೆ ಗೊತ್ತಾಗುತ್ತಾ ಸಾರ್? ಅದು ಬೆಳೀತಾನೇ ಇರುತ್ತೆ. ಬನ್ನಿ, ಕೂತ್ಕೊಳ್ಳಿ," ಎಂದರು. ಕೂತೆ.

ನಡುಮಧ್ಯಾಹ್ನ. ಕುರ್ಚಿ ಹಿಂದಕ್ಕೆ ವಾಲಿತ್ತು, ಕೊರಳ ಸುತ್ತ ಬಿಳಿ ಬಟ್ಟೆ, ಮುಖದ ತುಂಬ ನೊರೆ. ಎಡಗೆನ್ನೆ ಮುಗಿಸಿದ ಕತ್ತಿ ನನ್ನ ಗಂಟಲಿನ ಮೇಲೆ ಇತ್ತು. ಧಡಾರನೆ ಬಾಗಿಲು ಒದ್ದು ಇಬ್ಬರು ನುಗ್ಗಿದರು, ಒಬ್ಬನ ಕೈಯಲ್ಲಿ ಕಬ್ಬಿಣದ ಸಲಾಕೆ. ನಾನು ಬೆಚ್ಚಿ ಹಾರಿಬಿದ್ದೆ. ಸ್ವಲ್ಪ ಯೋಚಿಸಿ ಸ್ವಾಮಿ, ಗಂಟಲ ಮೇಲೆ ಕತ್ತಿ ಇರುವಾಗ ಹಾರಿಬಿದ್ದವನ ಗತಿ ಏನಾಗಬೇಕಿತ್ತು? ಏನೂ ಆಗಲಿಲ್ಲ. ನಾನು ಅಲುಗುವ ಮೊದಲೇ ಅವರ ಕೈ ಮೇಲಕ್ಕೆ ಹೋಗಿಯಾಗಿತ್ತು. ನಿಧಾನಪ್ಪ ಜೀವನದಲ್ಲಿ ಅವಸರ ಮಾಡಿದ್ದು ಅದೊಂದೇ ಸಲ, ಅದೂ ನನಗಾಗಿ.

ಸಲಾಕೆಯ ಮೊದಲ ಏಟಿಗೆ ಕನ್ನಡಿ ಪುಡಿಯಾಯಿತು. ಎರಡನೇ ಏಟು ಬೀಸುವ ಹೊತ್ತಿಗೆ ಅವರು ನನ್ನ ಕುರ್ಚಿಗೂ ಅವನಿಗೂ ನಡುವೆ ಬಂದು ನಿಂತಿದ್ದರು. ಎತ್ತಿದ ಕೈ ಎತ್ತಿದ ಹಾಗೇ ಇತ್ತು. ಬೀಸಿಕೊಂಡು ಬಂದವನ ಮುಂಗೈ ಆ ಕತ್ತಿಗೆ ಬಂದು ತಗುಲಿತು. ಅವನ ಎರಡು ಬೆರಳು ಇಂದಿಗೂ ಮಡಚುವುದಿಲ್ಲ. ಅದು ಸುಳ್ಳಲ್ಲ, ಅವನ ಬಗ್ಗೆ ನನಗೂ ಅಯ್ಯೋ ಅನ್ನಿಸುತ್ತದೆ. ಜೊತೆಗಾರ ಓಟ ಕಿತ್ತ. ನಿಧಾನಪ್ಪ ನನ್ನ ಕೊರಳಿನ ಬಟ್ಟೆ ಬಿಚ್ಚಿ ಗಾಯಗೊಂಡವನ ಕೈಗೆ ಬಿಗಿದು ಕಟ್ಟಿದರು. ಇದು ನಿಮ್ಮ ಕಡತದಲ್ಲಿ ಇಲ್ಲ, ನಾನು ಹುಡುಕಿದೆ.

ಇನ್ನು ನನ್ನ ಪಾಪದ ಭಾಗ. ನನ್ನನ್ನು ಇದ್ದ ಹಾಗೆಯೇ ಠಾಣೆಗೆ ಕರೆದೊಯ್ದರು. ಎಡಗೆನ್ನೆ ನುಣ್ಣಗೆ, ಬಲಗೆನ್ನೆಯಲ್ಲಿ ಮೂರು ದಿನದ ಗಡ್ಡ, ಅದರ ಮೇಲೆ ಒಣಗಿ ಚಕ್ಕೆ ಎದ್ದ ನೊರೆ. ಬಂದವರೆಲ್ಲ ನನ್ನನ್ನು ನೋಡಿ ಮುಸಿಮುಸಿ ನಗುವವರೇ. ನನಗೋ ಒಂದೇ ಚಿಂತೆ, ಯಾವಾಗ ಮನೆಗೆ ಹೋಗಿ ಮುಖ ತೊಳೆದೇನೋ ಎಂದು. ಬರೆದುಕೊಳ್ಳುತ್ತಿದ್ದ ಪೊಲೀಸಿನವನು, "ಅವ್ರ ಕೈಗೆ ಕತ್ತಿ ಕೊಟ್ರೆ ಇನ್ನೇನ್ ಆಗುತ್ತೆ ಸಾರ್?" ಎಂದ. ನಾನು ಹೆಹ್ಹೆ ಎಂದೆ. ಹೌದು, ನಕ್ಕೆ. ನಿಧಾನಪ್ಪ ನನ್ನ ಪ್ರಾಣ ಉಳಿಸಿ ಇನ್ನೂ ಎರಡು ಗಂಟೆ ಆಗಿರಲಿಲ್ಲ. "ನನ್ನ ಕುತ್ತಿಗೆ ಮೇಲಿಂದ ಕತ್ತಿ ಎತ್ತಿದರು" ಎಂದು ನಾನು ಹೇಳಿದೆ. "ಬಾಗಿಲು ತೆರೆದ ಕೂಡಲೇ ಆರೋಪಿಯು ಕತ್ತಿ ಎತ್ತಿದನು" ಎಂದು ಅವನು ಬರೆದ. ನಾನು ಓದದೆ ಸಹಿ ಜಡಿದು ಮನೆಗೆ ಓಡಿದೆ. ಮೂವತ್ತು ವರ್ಷದಿಂದ ಗಿರಾಕಿಗಳಿಗೆ "ಚೀಟಿ ಓದಿ ಮಾತ್ರೆ ನುಂಗಿ" ಎಂದು ಬುದ್ಧಿ ಹೇಳುವವನು ನಾನು! "ಡಾಕ್ಟ್ರ ಕಾಗೆ ಕಾಲು ಗುಬ್ಬಿ ಕಾಲೆಲ್ಲ ಓದ್ತೀರಿ, ನೀವು ಹೇಳಿದ್ದನ್ನ ನೀವು ಓದೋಕಾಗ್ಲಿಲ್ವಾ?" ಎಂದು ನನ್ನಾಕೆ ಕೇಳಿದಳು.

ನಿಮ್ಮ ಬಳಿ ಇನ್ನೊಂದು ಸಾಕ್ಷ್ಯವಿದೆ, ಎದುರಂಗಡಿಯ ಸಿಸಿ ಕ್ಯಾಮೆರಾದ ಚಿತ್ರ. ಕೋರ್ಟಿನಲ್ಲಿ ಅದನ್ನು ಮೂರು ಸಲ ಓಡಿಸಿದಿರಿ. ಸದ್ದಿಲ್ಲ. ಕುರ್ಚಿಯ ಬೆನ್ನು ಅಡ್ಡ ಬಂದು ನಾನೇ ಅದರಲ್ಲಿ ಇಲ್ಲ. ಕಾಣುವುದು ಒಂದು ಕಪ್ಪು ಮುಖ, ಒಂದು ಕಪ್ಪು ಕೈ, ಮೇಲೆದ್ದ ಒಂದು ಕತ್ತಿ, ಅಷ್ಟೇ. "ಹಿಂದೆ ಇನ್ನೊಂದು ಬಾಗಿಲಿತ್ತು, ಓಡಬಹುದಿತ್ತು, ಓಡಲಿಲ್ಲ. ಮುಖದಲ್ಲಿ ಭಯದ ಗುರುತೇ ಇಲ್ಲ, ಹೀಗಾಗಿ ಇದು ಆತ್ಮರಕ್ಷಣೆ ಅಲ್ಲ," ಎಂದು ವಾದಿಸಿದಿರಿ. ಎತ್ತು ಈಯಿತು ಎಂದರೆ ಕೊಟ್ಟಿಗೆಗೆ ಕಟ್ಟು ಎನ್ನುವ ವಾದ ಇದು. ಓಡಬಹುದಿತ್ತು, ನಿಜ. ನೊರೆ ಮೆತ್ತಿಕೊಂಡು ಅಂಗಾತ ಮಲಗಿದ್ದ ನನ್ನನ್ನು ಆ ಸಲಾಕೆಗೆ ಒಪ್ಪಿಸಿ ಓಡಬಹುದಿತ್ತು. ಹಾಗೆ ಓಡಿದ್ದರೆ ಅವರ ಮೇಲೆ ಕೇಸೂ ಇರುತ್ತಿರಲಿಲ್ಲ, ನಿಮಗೆ ಈ ಪತ್ರದ ಕಾಟವೂ ಇರುತ್ತಿರಲಿಲ್ಲ.

ಭಯದ ಮಾತು ಬಂತಲ್ಲ, ಕೇಳಿ. ನಾಲ್ಕು ವರ್ಷದ ಹಿಂದೆ ಇದೇ ಬೀದಿಯಲ್ಲಿ ಬೀಗದ ಅಂಗಡಿಯವರು, ನಮ್ಮ ಬಣ್ಣದವರು, ತಮ್ಮ ಅಂಗಡಿಯ ಮುಂದೆ ಬಸ್ಸಿಗೆ ಕಾಯುತ್ತಿದ್ದ ಒಬ್ಬ ಕಪ್ಪು ಮನುಷ್ಯನ ತಲೆಗೆ ಸುತ್ತಿಗೆಯಿಂದ ಹೊಡೆದರು. ಆತ ಜೇಬಿಗೆ ಕೈ ಹಾಕಿದ್ದೇ ತಪ್ಪು. ಜೇಬಿನಲ್ಲಿದ್ದದ್ದು ಕನ್ನಡಕದ ಡಬ್ಬಿ. ಆಗ ನಿಮ್ಮ ಕಚೇರಿ "ಅಂಥ ಸಂದರ್ಭದಲ್ಲಿ ಯಾರಿಗಾದರೂ ಭಯವಾಗುವುದು ಸಹಜ" ಎಂದು ಕೇಸನ್ನೇ ಮುಚ್ಚಿತು. ಬೀಗದವರ ಪರ ಬೀದಿಯವರೆಲ್ಲ ಮನವಿಗೆ ಸಹಿ ಹಾಕಿದೆವು. ಮೂರನೇ ಸಹಿ ನನ್ನದು, ಅದನ್ನೂ ಓದಿರಲಿಲ್ಲ. ಕನ್ನಡಕದ ಡಬ್ಬಿಗೆ ಹೆದರಿದರೆ ಸಹಜ, ಕಬ್ಬಿಣದ ಸಲಾಕೆಗೆ ಹೆದರಿದರೆ ಸಹಜವಲ್ಲವೇ? ಭಯಕ್ಕೂ ಮೈಬಣ್ಣ ಇರುತ್ತದೆಯೇ ಸ್ವಾಮಿ? ಕಾನೂನಿನ ಪುಸ್ತಕದಲ್ಲಿ ಅದು ಯಾವ ಪುಟದಲ್ಲಿದೆ ಎಂದು ತಿಳಿಸಿದರೆ ಉಪಕಾರವಾದೀತು.

ಬರೀ ಮಾತು ಬೇಡ ಎಂದು ನಾನು ಪರೀಕ್ಷೆಯನ್ನೇ ಮಾಡಿದೆ. ಮೂರು ವಾರ, ಮೂರು ಬಡಾವಣೆ, ಮೂವರು ಕ್ಷೌರಿಕರು, ಮೂವರೂ ನಮ್ಮ ಬಣ್ಣದವರೇ. ಕತ್ತಿ ಗಂಟಲಿಗೆ ಬಂದಾಗ ನಾನು ಬೆರಳು ಅಲ್ಲಾಡಿಸಬೇಕು, ಹಿಂದೆ ಕೂತ ಭಾವಮೈದುನ ದೊಡ್ಡ ತಗಡಿನ ಡಬ್ಬದ ಮುಚ್ಚಳವನ್ನು ನೆಲಕ್ಕೆ ಬಡಿಯಬೇಕು. "ಭಾವ, ಹೆಚ್ಚುಕಮ್ಮಿ ಆದ್ರೆ ಅಕ್ಕ ನನ್ನ ಸುಮ್ನೆ ಬಿಡ್ತಾಳಾ?" ಎಂದು ಗೊಣಗುತ್ತಲೇ ಬಂದ. ಮೂರು ಸಲವೂ ಕಣ್ಣು ಮಿಟುಕಿಸುವಷ್ಟರಲ್ಲಿ ಕತ್ತಿ ಮೇಲೆ! ಎರಡನೆಯವರು ನಮ್ಮಿಬ್ಬರನ್ನೂ ಉಗಿದು ಅಟ್ಟಿದರು. ಮೂರನೆಯವರು ವಯಸ್ಸಾದವರು. ನಡೆದದ್ದನ್ನೆಲ್ಲ ಹೇಳಿದೆ. ಕತ್ತಿ ಒರೆಸುತ್ತ ಅಂದರು, "ನಮಗೆ ಮೊದಲನೇ ಪಾಠ ಅದೇ ಕಣ್ರೀ. ಸದ್ದಾಯ್ತೋ, ಕೈ ಮೇಲೆ. ಆಮೇಲೆ ತಿರುಗಿ ನೋಡು. ಗಿರಾಕಿ ಕುತ್ತಿಗೆ ಏನು ನಮ್ಮಪ್ಪನ ಮನೆ ಆಸ್ತಿನಾ?" ಮತ್ತೆ ಕತ್ತಿ ಕೆಳಗಿಟ್ಟು, "ಆ ಪುಣ್ಯಾತ್ಮನ್ನ ಇದಕ್ಕಾ ಒಳಗೆ ಹಾಕಿರೋದು?" ಎಂದರು.

ನಿಧಾನಪ್ಪನವರ ಹೆಂಡತಿ ಪ್ರತಿ ತಿಂಗಳೂ ನನ್ನ ಅಂಗಡಿಗೆ ಬರುತ್ತಾರೆ. ಗಂಡನ ರಕ್ತದೊತ್ತಡದ ಮಾತ್ರೆಯನ್ನು ಜೈಲಿಗೆ ಕೊಂಡೊಯ್ಯಬೇಕಲ್ಲ. ಕಳೆದ ಸಲ ಮಾತ್ರೆ ಚೀಲಕ್ಕೆ ಹಾಕಿಕೊಂಡು, "ಅಣ್ಣಾ, ಕೋರ್ಟಲ್ಲಿ ನೀವು ಹೇಳಿದ್ದನ್ನೇ ಓದಿದ್ರಂತೆ?" ಎಂದರು. ಬೈಗುಳವಲ್ಲ, ಕೇಳಿದರು ಅಷ್ಟೇ. "ಇವರು ಕೇಳ್ತಾ ಇದ್ರು, ಸಾರ್‌ಗೆ ಅವತ್ತು ಎಲ್ಲೂ ಕುಯ್ದಿಲ್ಲ ತಾನೇ ಅಂತ," ಎಂದರು. ನಾನು ತಲೆಯೆತ್ತದೆ ಚೀಟಿ ಬರೆಯುತ್ತಲೇ ನಿಂತೆ.

ಸ್ವಾಮಿ, ನಾನು ಕೇಳುವುದು ಒಂದೇ. ಗುರುವಾರಕ್ಕೆ ಮುಂಚೆ ನನ್ನನ್ನು ಮತ್ತೆ ಕಟಕಟೆಗೆ ಕರೆಸಿ, ಮಾತು ಮುಗಿಸಲು ಬಿಡಿ. ಇದಕ್ಕೆ ಕಾನೂನಿನಲ್ಲಿ ಅವಕಾಶವಿದೆಯಂತೆ, ನೀವೊಂದು ಅರ್ಜಿ ಹಾಕಿದರಾಯಿತು. ನಂಬಿಕೆ ಬಾರದಿದ್ದರೆ ನಿಮಗೆ ಬೇಕಾದ ಕ್ಷೌರಿಕರನ್ನು, ಬೇಕಾದ ಬಣ್ಣದವರನ್ನು, ಕೋರ್ಟಿಗೇ ಕರೆಸಿ. ತಗಡಿನ ಮುಚ್ಚಳ ನಾನು ತರುತ್ತೇನೆ. ಕುರ್ಚಿಯಲ್ಲಿ ಮಾತ್ರ ಈ ಸಲ ನೀವು ಕೂರಬೇಕು. ತಲೆ ಹಿಂದಕ್ಕೆ ವಾಲಿಸಿ, ಗಂಟಲ ಮೇಲೆ ಕತ್ತಿ ಬಂದಾಗ ಕಣ್ಣು ಮುಚ್ಚಿಕೊಳ್ಳಿ. ಮುಚ್ಚಳ ನೆಲಕ್ಕೆ ಬಿದ್ದ ಆ ಕ್ಷಣದಲ್ಲಿ, ಆ ಕೈ ಮೇಲಕ್ಕೆ ಹೋಗಲಿ ಎಂದು ನೀವೂ ದೇವರಲ್ಲಿ ಬೇಡಿಕೊಳ್ಳುತ್ತೀರಿ. ಆ ಹೊತ್ತಿನಲ್ಲಿ ಅದರ ಬಣ್ಣ ಯಾವುದೆಂದು ನೀವು ಕೇಳುವುದಿಲ್ಲ.

ಇಂತಿ,
ಮುಖ ತೊಳೆಯುವ ಅವಸರದಲ್ಲಿ ಓದದೆ ಸಹಿ ಹಾಕಿದ,
ಇಂದಿಗೂ ಕುತ್ತಿಗೆ ನೆಟ್ಟಗಿರುವ ನಿಮ್ಮ ಏಳನೇ ಸಾಕ್ಷಿ

(ಈ ಪತ್ರವನ್ನು ಮಾತ್ರ ಎರಡು ಸಲ ಓದಿ ಸಹಿ ಹಾಕಿದ್ದೇನೆ.)