ಮೀಟರ್ ಸೊನ್ನೆ ತೋರಿಸುತ್ತಿತ್ತು

ಜೂನ್ 3, ಸೋಮವಾರ. ಬೆಳಿಗ್ಗೆ

ಒಲೆಯ ಮೇಲೆ ನೀರಿಟ್ಟು ಬರೆಯುತ್ತಿದ್ದೇನೆ. ಸೊಸೆ ಎದ್ದಿಲ್ಲ. ಅವಳು ಏಳುವ ಹೊತ್ತಿಗೆ ಅರ್ಧ ಅಡುಗೆ ಆಗಿರುತ್ತದೆ. ಆಮೇಲೆ ‘ಯಾಕತ್ತೆ ನನ್ನ ಎಬ್ಬಿಸಲಿಲ್ಲ’ ಎಂಬ ನಾಟಕ ಒಂದು.

ಇಂದಿನಿಂದ ಟ್ರೈನಿಂಗ್. ಸಿಲಿಂಡರ್ ತುಂಬುವ ನಮ್ಮ ಪ್ಲಾಂಟ್ ವರ್ಷದ ಕೊನೆಗೆ ಮುಚ್ಚುತ್ತದೆ. ಊರಿಗೆಲ್ಲ ಪೈಪಿನಲ್ಲೇ ಗ್ಯಾಸ್ ಬಂದ ಮೇಲೆ ಸಿಲಿಂಡರ್ ಯಾರಿಗೆ ಬೇಕು. ಕಲಿತು ಪಾಸಾದವರಿಗೆ ಮನೆಮನೆಗೆ ಹೋಗಿ ಪೈಪು ತಪಾಸಣೆ ಮಾಡುವ ಕೆಲಸ. ಆಗದವರು ಮನೆಗೆ. ಮಗ ತೊಟ್ಟಿಲಲ್ಲಿದ್ದಾಗಿನಿಂದ ಆ ಪ್ಲಾಂಟಿನಲ್ಲಿದ್ದೇನೆ. ಅವನ ಅಪ್ಪ ಹೋದ ಮೇಲೆ ಈ ಮನೆ ನಿಂತದ್ದೇ ನನ್ನ ಸಂಬಳದ ಮೇಲೆ. ಈಗಲೂ ಅಷ್ಟೆ. ಮಗನ ಡ್ರೈವರ್ ಕೆಲಸ ಒಂದು ವಾರ ಇದ್ದರೆ ಇನ್ನೊಂದು ವಾರ ಇಲ್ಲ.

ಪಾಠಕ್ಕೆ ಹೆದರಿಲ್ಲ. ಹೈಸ್ಕೂಲು ಮುಗಿಸಿದವಳು, ಓದಿಕೊಳ್ಳುತ್ತೇನೆ. ಹೆದರಿಕೆ ಬೇರೆಯದಕ್ಕೆ. ಇಲ್ಲಿ ಬರೆಯದಿದ್ದರೆ ಇನ್ನೆಲ್ಲಿ... ನನಗೆ ವಾಸನೆ ತಿಳಿಯುವುದಿಲ್ಲ. ಹೋದ ವರ್ಷ ಬಂದ ಜ್ವರ ಹೋಗುವಾಗ ಅದನ್ನೂ ಒಯ್ದಿತು. ಪ್ಲಾಂಟಿನಲ್ಲಿ ಯಾರಿಗೂ ಗೊತ್ತಾಗಲಿಲ್ಲ. ಅಲ್ಲಿ ನನ್ನ ಕೆಲಸ ಸಿಲಿಂಡರಿನ ಬಾಯಿಗೆ ಸೋಪಿನ ನೀರು ಬಳಿದು ಗುಳ್ಳೆ ಏಳುತ್ತದೆಯೇ ಎಂದು ನೋಡುವುದು. ಅದಕ್ಕೆ ಕಣ್ಣು ಸಾಕು.

ಇನ್ನು ಮುಂದೆ ಸಾಲುತ್ತದೆಯೋ ಇಲ್ಲವೋ.

ಅದೇ ದಿನ, ಸಂಜೆ

ಹೋದ ಕೂಡಲೇ ಅದೇ! ಮೂಗಿನ ಪರೀಕ್ಷೆ.

ಕಲಿಸುವವಳು ನನ್ನ ಮಗನಿಗಿಂತ ಚಿಕ್ಕವಳು. ಬೂಟು, ಕೊರಳಲ್ಲಿ ಕಾರ್ಡು. ಎಲ್ಲರೂ ಟೀಚರಮ್ಮ ಎಂದೇ ಕರೆದರು. ಮೇಜಿನ ಮೇಲೆ ಮೂರು ಬಾಟಲಿ. ಗ್ಯಾಸಿಗೆ ತನ್ನದೆಂಬ ವಾಸನೆ ಇಲ್ಲ, ಸೋರಿದರೆ ತಿಳಿಯಲೆಂದು ಕೊಳೆತ ಮೊಟ್ಟೆಯಂಥದ್ದನ್ನು ಬೆರೆಸುತ್ತಾರೆ. ಮೂರರಲ್ಲಿ ಅದು ಯಾವುದು, ಹೇಳಬೇಕು.

ಸಾಲಿನಲ್ಲಿ ಹಿಂದೆ ಸರಿದು ನಿಂತು ಮುಂದಿನವರ ಮುಖ ನೋಡುತ್ತಾ ಹೋದೆ. ಎಲ್ಲರ ಹುಬ್ಬೂ ಗಂಟಾದದ್ದು ನೀಲಿ ಮುಚ್ಚಳಕ್ಕೇ. ನನ್ನ ಸರದಿ ಬಂದಾಗ ಮೊದಲೆರಡನ್ನು ಗಂಭೀರವಾಗಿ ಮೂಸಿ, ನೀಲಿ ತೆರೆದು, ಥೂ ಎಂದು ಮುಖ ತಿರುಗಿಸಿದೆ.

“ವೆರಿ ಗುಡ್ ಅಮ್ಮ.”

ಆಗಲೇ ಮೂಸಿ ಮುಗಿಸಿ ಪಕ್ಕದಲ್ಲಿ ನಿಂತಿದ್ದ ಮೀಸೆ ನಕ್ಕ. ಪ್ಲಾಂಟಿನ ವಾಲ್ವ್ ಫಿಟ್ಟರ್ ಅವನು, ನನ್ನ ಲೈನಿನಲ್ಲೇ ದುಡಿದವನು. ಇಡೀ ಮುಖಕ್ಕೆ ಮೀಸೆಯೊಂದೇ ಆಸ್ತಿ, ನಮಗೆಲ್ಲ ಅವನ ಹೆಸರೂ ಅದೇ. “ಅಕ್ಕಾ, ನೀವು ಸಿನಿಮಾಗೆ ಹೋಗ್ಬೇಕಿತ್ತು. ನಂಗೂ ಅಷ್ಟು ನಾತ ಬರ್ಲಿಲ್ಲ!”

“ನಿನ್ನ ಮೂಗಿಗೆ ಆ ಪೊದೆ ಅಡ್ಡ ಬಂದಿದೆ, ಮೊದ್ಲು ಅದನ್ನ ಕತ್ತರಿಸು” ಎಂದೆ. ಎಲ್ಲರೂ ನಕ್ಕರು. ನಾನೂ.

ಜೂನ್ 6, ಗುರುವಾರ

ಮೊಮ್ಮಗಳು ನನ್ನ ಪುಸ್ತಕ ಹಿಡಿದು ಪ್ರಶ್ನೆ ಕೇಳುತ್ತಾಳೆ. ಅವಳಿಗೆ ನಾನು ಸಿಕ್ಕಿಬಿದ್ದ ವಿದ್ಯಾರ್ಥಿ.

“ಅಜ್ಜಿ, ಗ್ಯಾಸ್ ಸೋರೋದನ್ನ ಕಂಡುಹಿಡಿಯೋ ಮೀಟರ್ ಎಲ್ಲಿ ಆನ್ ಮಾಡ್ಬೇಕು?”

“ಮನೆ ಹೊರಗೆ. ಬಯಲಲ್ಲಿ.”

“ಯಾಕೆ?”

“ಆನ್ ಆದಾಗ ಸುತ್ತ ಯಾವ ಗಾಳಿ ಇದ್ಯೋ ಅದನ್ನೇ ಒಳ್ಳೇ ಗಾಳಿ ಅಂತ ನಂಬತ್ತೆ. ಅದಕ್ಕೇ ಸೊನ್ನೆ ಅಂತ ಗುರುತು ಇಟ್ಕೊಳ್ಳತ್ತೆ. ಗ್ಯಾಸ್ ತುಂಬಿರೋ ಕಡೆ ಆನ್ ಮಾಡಿದ್ರೆ ಆ ಗ್ಯಾಸನ್ನೇ ಸೊನ್ನೆ ಅನ್ನತ್ತೆ, ಕತ್ತೆ.”

“ಉತ್ತರದಲ್ಲಿ ಕತ್ತೆ ಇಲ್ಲ. ಅರ್ಧ ಮಾರ್ಕ್ ಕಟ್.”

ಸೊಸೆ ಹೊಲಿಗೆ ಮೆಷಿನ್ನಿನ ಹಿಂದೆ ಬಾಯಿಗೆ ಬಟ್ಟೆ ಒತ್ತಿಕೊಂಡು ನಗುತ್ತಿದ್ದಳು. ಅತ್ತೆಗೊಂದು ಕಾಲ, ಸೊಸೆಗೊಂದು ಕಾಲ. ಈಗ ಮೊಮ್ಮಗಳ ಕಾಲವೂ ಬಂತು.

ಜೂನ್ 14, ಶುಕ್ರವಾರ

ಟ್ರೈನಿಂಗ್ ಸೆಂಟರಿನ ಹಿಂದೆ ಒಂದು ಸುಳ್ಳು ಮನೆ ಕಟ್ಟಿದ್ದಾರೆ. ಅಡುಗೆಮನೆ, ಬಚ್ಚಲು, ಗೋಡೆಗೆ ಕ್ಯಾಲೆಂಡರ್ ಕೂಡ. ಜನ ಮಾತ್ರ ಇಲ್ಲ. ಪೈಪಿನಲ್ಲಿ ಅಲ್ಲಲ್ಲಿ ಬೇಕೆಂದೇ ಸೋರಿಕೆ ಇಟ್ಟಿರುತ್ತಾರೆ, ಹುಡುಕಬೇಕು.

ಪ್ಲಾಂಟಿನ ಹಳಬರೆಲ್ಲ ಮೂಗು ಮುಂದೆ ಮಾಡಿಕೊಂಡು ನುಗ್ಗಿದರು. ವಾಸನೆ ಜೋರಾಗಿದ್ದ ಕಡೆಯೇ ಮೀಟರ್ ಹಿಡಿದರು, ಉಳಿದ ಕಡೆ ಬಿಟ್ಟರು. ಸಣ್ಣ ಸೋರಿಕೆಗಳೆಲ್ಲ ತಪ್ಪಿಹೋದವು. ನಾನು ಏನು ಮಾಡಲಿ. ಹೊರಗೇ ಮೀಟರ್ ಆನ್ ಮಾಡಿಕೊಂಡು ಬಾಗಿಲಿಂದ ಹಿಡಿದು ಪ್ರತಿ ಜಾಯಿಂಟಿಗೂ ಮುಟ್ಟಿಸುತ್ತಾ ಹೋದೆ. ಎಲ್ಲವೂ ಸಿಕ್ಕಿತು. ಬಚ್ಚಲ ಮೂಲೆಯದೂ.

ಟೀಚರಮ್ಮ ಚಪ್ಪಾಳೆ ತಟ್ಟಿಸಿದಳು. “ನೋಡಿ, ಅಮ್ಮ ಒಂದ್ಸಲಾನೂ ಮೂಸ್ಲಿಲ್ಲ. ಇದನ್ನೇ ನಾನು ದಿನಾ ಬಡ್ಕೊಳ್ತಿರೋದು!”

ತಲೆ ಎತ್ತಿ ನಿಂತಿದ್ದೆ. ಮೀಸೆ ಚಪ್ಪಾಳೆ ತಟ್ಟಲಿಲ್ಲ, ನನ್ನನ್ನೇ ನೋಡುತ್ತಿದ್ದ.

ಮಗ ಸಿಹಿ ತಂದ. ತಿಂದೆ. ಸಿಹಿ ಎಂದಷ್ಟೇ ಗೊತ್ತಾಯಿತು.

ಜೂನ್ 24, ಸೋಮವಾರ

ಇನ್ನು ನಿಜವಾದ ಮನೆಗಳು. ಇಬ್ಬಿಬ್ಬರ ಜೋಡಿ. ನಾನು ಲೀಡರ್, ನನ್ನ ಜೊತೆ ಮೀಸೆ. ಮೀಟರ್ ಅವನ ಹೆಸರಿನಲ್ಲಿ. ಹೊರಗೆ ಆನ್ ಮಾಡಿ ಕೊಡುವುದು ಅವನ ಜವಾಬ್ದಾರಿ.

ಮೂರು ಮನೆ ಆಯಿತು. ಬಾಗಿಲು ತೆರೆದಾಗಲೆಲ್ಲ ಅವನ ಮುಖ ಮೊದಲು ನೋಡುತ್ತೇನೆ. ಸಪ್ಪಗಿದ್ದರೆ ಸರಿ. ಹುಬ್ಬು ಗಂಟಾದರೆ ನಾನೂ ಗಂಟು ಹಾಕಬೇಕು. ಅವನ ಮುಖವೇ ನನ್ನ ಮೂಗು. ಎಷ್ಟು ದಿನ... ಬೆಕ್ಕು ಕಣ್ಣು ಮುಚ್ಚಿಕೊಂಡು ಹಾಲು ಕುಡಿಯುವ ಕಥೆ ನನ್ನದು.

ಸರ್ಟಿಫಿಕೇಟ್ ಕೈಗೆ ಬರಲಿ. ಆಮೇಲೆ ಏನಾದರೂ ದಾರಿ ಸಿಗುತ್ತದೆ. ಯಾವ ದಾರಿ ಎಂದು ಕೇಳಿಕೊಂಡಿಲ್ಲ.

ಜುಲೈ 2, ಮಂಗಳವಾರ

ಯಾರೂ ಸಾಯಲಿಲ್ಲ. ಇದನ್ನು ಮೊದಲು ಬರೆಯಬೇಕು.

ಮಳೆ. ಗೇಟಿನ ಹತ್ತಿರ ಮೀಸೆ ಮೀಟರ್ ತೆಗೆದ. “ಇಲ್ಲಿ ಕೊಡು, ನಾನೇ ಆನ್ ಮಾಡ್ತೀನಿ. ನೀನು ಹೋಗಿ ಸ್ಪ್ಯಾನರ್ ಚೀಲ ತಗೊಂಡ್ ಬಾ” ಎಂದೆ. ಅವನು ವ್ಯಾನಿನತ್ತ ಓಡಿದ. ಮನೆಯಾಕೆ ಬಾಗಿಲಲ್ಲಿ ನಿಂತು, “ಒಳಗೆ ಬನ್ನಿ, ನೆನೀತೀರಿ, ಈ ವಯಸ್ಸಲ್ಲಿ” ಎಂದಳು. ಈ ವಯಸ್ಸಲ್ಲಿ! ಆ ಸಿಟ್ಟಿನಲ್ಲಿ ನೆಟ್ಟಗೆ ಒಳಗೆ ನಡೆದೆ. ಅಡುಗೆಮನೆಗೆ ಹೋಗಿ ಕೈ ಒರೆಸಿಕೊಂಡು ಮೀಟರ್ ಆನ್ ಮಾಡಿದೆ.

ಅಡುಗೆಮನೆಯಲ್ಲಿ.

ಸೊನ್ನೆ ತೋರಿಸಿತು. ಪೈಪಿಗೆ ಹಿಡಿದೆ. ಸೊನ್ನೆ.

“ಎರಡು ದಿನದಿಂದ ಒಂಥರಾ ವಾಸನೆ ಇದೆ ಅಲ್ವಾ? ಮೋರಿ ಕಟ್ಟಿದ್ಯೇನೋ ಅಂದ್ಕೊಂಡೆ” ಎಂದಳು.

ಮೂಗು ಎಳೆದು ನೋಡಿದ ಹಾಗೆ ಮಾಡಿದೆ. ಮೀಟರ್ ತೋರಿಸಿದೆ. “ಮೋರಿದೇ ಇರ್ಬೇಕು. ಗ್ಯಾಸ್ ಏನಿಲ್ಲ. ಧೈರ್ಯವಾಗಿ ಒಲೆ ಹಚ್ಚಿ.”

ನಾನೇ ಹೇಳಿದೆ. ಧೈರ್ಯವಾಗಿ ಒಲೆ ಹಚ್ಚಿ ಎಂದು.

ಆಕೆ, ಟೀ ಮಾಡ್ತೀನಿ ಇರಿ ಎನ್ನುತ್ತಾ ಲೈಟರ್ ತೆಗೆದುಕೊಂಡಳು. ಅಷ್ಟರಲ್ಲಿ ಹೊಸ್ತಿಲಿಂದ ಮೀಸೆ, “ಹಚ್ಬೇಡಿ! ಹಚ್ಬೇಡಿ ತಾಯಿ!” ಎಂದು ಕಿರುಚಿದ. ಚೀಲ ಬಿಸಾಕಿ ಬಂದು ಆಕೆಯ ಕೈ ಹಿಡಿದ. ನಮ್ಮಿಬ್ಬರನ್ನೂ ಮಳೆಗೆ ದಬ್ಬಿದ. ಹೊರಗಿನ ವಾಲ್ವ್ ಮುಚ್ಚಿದ. ಹೊರಗೆ ಮೀಟರನ್ನು ಆಫ್ ಮಾಡಿ ಮತ್ತೆ ಆನ್ ಮಾಡಿ ಬಾಗಿಲಿಗೆ ಹಿಡಿದ. ಅದು ಒಂದೇ ಸಮನೆ ಕೂಗಿತು.

ಮಳೆಯಲ್ಲೇ ಕೇಳಿದ. “ಅಕ್ಕಾ, ಬಾಗಿಲಲ್ಲೇ ಮೂಗಿಗೆ ಹೊಡೀತಿತ್ತು. ನಿಮ್ಗೆ ಬರ್ಲಿಲ್ವಾ?”

“ನೆಗಡಿ” ಎಂದೆ.

ಜುಲೈ 3

ಊಟ ಸೇರಲಿಲ್ಲ. ಲೈಟರ್ ಸದ್ದು ಕೇಳಿದರೆ ಬೆಚ್ಚುತ್ತೇನೆ. ಸೊಸೆ ಒಲೆ ಹಚ್ಚುವಾಗ ಹಿತ್ತಲಿಗೆ ಹೋಗಿ ನಿಂತೆ.

ಜುಲೈ 5, ಶುಕ್ರವಾರ

ವಿಚಾರಣೆ. ಟೀಚರಮ್ಮ, ಜೊತೆಗೆ ಕನ್ನಡಕದ ಆಫೀಸರ್ ಒಬ್ಬರು. ಮೀಟರ್ ಪರೀಕ್ಷೆ ಮಾಡಿಸಿದರಂತೆ, ಸರಿಯಾಗಿದೆ. ಹಾಗಾದರೆ ಒಳಗೆ ಆನ್ ಆಗಿದೆ. ಮೀಟರ್ ಯಾರ ಹೆಸರಿನಲ್ಲಿದೆ? ಮೀಸೆ ಎದ್ದು ನಿಂತ. ನನ್ನ ಕಡೆ ನೋಡಲೂ ಇಲ್ಲ.

“ನೀವು ಹೊರಗೆ ಆನ್ ಮಾಡಿ ಕೊಟ್ರಾ?”

“ಇಲ್ಲ ಸರ್.”

ಅಷ್ಟೇ ಹೇಳಿದ. ಮುಂದಿನದು ನಾನು ಹೇಳುತ್ತೇನೆ ಎಂದು ಕಾದನೋ ಏನೋ. ನಾನು ಮೇಜಿನ ಮೇಲಿದ್ದ ಮೀಟರನ್ನೇ ನೋಡುತ್ತಾ ಕೂತೆ. ಆಫೀಸರ್ ನನ್ನತ್ತ ತಿರುಗಿ, “ನೀವು ಪುಣ್ಯವಂತರು ಅಮ್ಮ, ಬಚಾವಾದ್ರಿ” ಎಂದರು. ಮೀಸೆಯನ್ನು ಬ್ಯಾಚಿನಿಂದ ಹೊರಗೆ ನಿಲ್ಲಿಸಿದ್ದಾರೆ. ಗುರುವಾರದೊಳಗೆ ತೀರ್ಮಾನ. ತೆಗೆದರೆ ಪ್ಲಾಂಟೂ ಇಲ್ಲ, ಇದೂ ಇಲ್ಲ.

ನನಗೆ ಹೊಸ ಜೋಡಿ ಕೊಡುತ್ತಾರಂತೆ.

ಜುಲೈ 10, ಬುಧವಾರ. ಸಂಜೆ

ಐದು ದಿನ ಪೆನ್ನು ಮುಟ್ಟಲಿಲ್ಲ. ಕೆಲಸಕ್ಕೂ ಹೋಗಿಲ್ಲ. ಜ್ವರ ಎಂದು ಹೇಳಿಸಿದೆ.

ಇವತ್ತು ಮೀಸೆಗೆ ಫೋನ್ ಮಾಡಿದೆ. ಹೇಗಿದ್ದೀಯ ಎಂದೆ. ಚೆನ್ನಾಗಿದ್ದೀನಿ, ಹೆಂಡತಿ ಜೊತೆ ಜಗಳ ಆಡೋಕೆ ಈಗ ಇಡೀ ದಿನ ಸಿಗತ್ತೆ ಎಂದ. ನಗು ಬರಲಿಲ್ಲ. ಅವನೇ ಹೇಳಿದ:

“ನೀಲಿ ಮುಚ್ಚಳದ ದಿನಾನೇ ನಂಗೆ ಅನುಮಾನ ಅಕ್ಕಾ. ನಂಗೊಬ್ಬಂಗೆ ಹೇಳಿದ್ರೆ ಸಾಕಿತ್ತು. ಇಬ್ರ ಪಾಲಿಗೂ ನಾನೇ ಮೂಸ್ತಿದ್ದೆ.”

“ಹಾಗಾದ್ರೆ ಅಲ್ಲಿ ಯಾಕೆ ಬಾಯಿ ಬಿಡ್ಲಿಲ್ಲ?”

“ನಿಮ್ಮ ವಿಷ್ಯ. ನಾನು ಹೇಗೆ ಹೇಳ್ಲಿ?”

ಫೋನ್ ಇಟ್ಟೆ. ಹಿಂದೆ ಸೊಸೆ ನಿಂತಿದ್ದಳು. ಕದ್ದು ಕೇಳ್ತೀಯಾ ಎಂದು ಗದರಿದೆ. ಅವಳು ಕದಲಲಿಲ್ಲ. ಮದುವೆಯಾಗಿ ಬಂದಮೇಲೆ ಮೊದಲ ಸಲ ನನ್ನ ಕಣ್ಣಲ್ಲಿ ಕಣ್ಣಿಟ್ಟು ಮಾತಾಡಿದಳು.

“ಅತ್ತೆ, ನಂಗೆ ಗೊತ್ತು. ನೀವು ಅಡುಗೆಮನೆಯಿಂದ ಹೊರಗೆ ಬಂದ ಮೇಲೆ ದಿನಾ ನಾನು ಒಲೆ ತಿರುಪು ನೋಡ್ತೀನಿ. ಒಂದ್ಸಲ ತೆರೆದೇ ಇತ್ತು.”

“ಯಾವಾಗ?”

“ಬಿಡಿ. ಮುಚ್ಚಿದೆ.”

“ನಂಗ್ಯಾಕೆ ಹೇಳ್ಲಿಲ್ಲ?”

“ನಿಮ್ಗೆ ಹೇಳೋರುಂಟಾ ಅತ್ತೆ ಈ ಮನೇಲಿ?”

ಬಯ್ಯಲು ಬಾಯಿ ತೆರೆದೆ. ಮೊಮ್ಮಗಳು ಅಲ್ಲೇ ನೆಲದ ಮೇಲೆ ಕೂತು ಹೋಂವರ್ಕ್ ಬರೆಯುತ್ತಿದ್ದಳು. ಒಲೆ ತೆರೆದಿದ್ದ ದಿನ ಇವಳು ಎಲ್ಲಿದ್ದಳೋ. ಕೇಳಲಿಲ್ಲ. ಕೇಳಲು ಧೈರ್ಯವಾಗಲಿಲ್ಲ.

ಜುಲೈ 11, ಗುರುವಾರ. ಬೆಳಿಗ್ಗೆ, ಟ್ರೈನಿಂಗ್ ಸೆಂಟರ್

ಎಲ್ಲರಿಗಿಂತ ಮೊದಲು ಬಂದು ಟೀಚರಮ್ಮನಿಗೆ ಹೇಳಿದೆ. ಮೂಗಿನದು, ಬಾಟಲಿಯದು, ಅಡುಗೆಮನೆಯದು. ನಿಂತೇ ಹೇಳಿದೆ. ಅವಳು ಕೂರಲು ಹೇಳಿದರೂ ಕೂರಲಿಲ್ಲ.

ಬಯ್ಯುತ್ತಾಳೆ ಎಂದುಕೊಂಡಿದ್ದೆ. ಮೇಜಿನ ಮೇಲಿದ್ದ ಮೀಸೆಯ ಫೈಲನ್ನು ಹತ್ತಿರಕ್ಕೆ ಎಳೆದುಕೊಂಡಳು. “ಅವರ ಮೇಲಿನ ಫೈಲ್ ಇವತ್ತು ಹೋಗೋದಿತ್ತು, ತಡೆಹಿಡೀತೀನಿ. ನಿಮ್ಮದು ನನ್ನ ಕೈಲಿಲ್ಲ ಅಮ್ಮ. ಮನೆಮನೆಗಂತೂ ಕಳಿಸಲ್ಲ. ಮೀಟರ್ ದುರಸ್ತಿ ಮಾಡೋ ಕಡೆ ಕೇಳ್ನೋಡ್ತೀನಿ, ಆಗತ್ತೆ ಅಂತ ಹೇಳಲ್ಲ” ಎಂದಳು. ಆಮೇಲೆ ಇನ್ನೊಂದು ಕೇಳಿದಳು. ಬ್ಯಾಚಿನ ಮುಂದೆ ನಿಂತು ಇದನ್ನೆಲ್ಲ ನಾನೇ ಹೇಳಬೇಕಂತೆ. ಇನ್ನೊಬ್ಬರು ಹೀಗೆ ಮಾಡಬಾರದಲ್ಲ, ಅದಕ್ಕೆ. ಮೀಸೆಯನ್ನೂ ಕರೆಸಿದ್ದಾಳೆ.

ಕೆಲಸ ಹೋದರೂ ತಡೆದೇನು. ನನ್ನ ಕೈಕೆಳಗೆ ಬೈಸಿಕೊಂಡು ಕೆಲಸ ಕಲಿತವರೇ ಅರ್ಧ ಜನ ಅಲ್ಲಿ. ಅವರ ಮುಂದೆ...

ಕುರ್ಚಿ ಎಳೆಯುವ ಸದ್ದು ಕೇಳುತ್ತಿದೆ. ಹೇಳಬೇಕಾದದ್ದನ್ನು ಬರೆದುಕೊಳ್ಳುತ್ತೇನೆ. ಇಲ್ಲದಿದ್ದರೆ ಅಲ್ಲಿ ನಾಲಿಗೆ ತಿರುಗುವುದಿಲ್ಲ.

ಅವತ್ತು ಜೋರು ಮಳೆ ಇತ್ತು, ಆದ್ದರಿಂದ

ಅಲ್ಲ. ಮಳೆಯದೇನು ತಪ್ಪು.

ಮನೆಯಾಕೆ ಅವಸರ ಮಾಡಿದರು, ಹಾಗಾಗಿ

ಅದೂ ಅಲ್ಲ.

ಇವನು ಬಂದ. ಮೀಸೆ. ಹಿಂದಿನ ಬೆಂಚಿನಲ್ಲಿ ಒಬ್ಬನೇ ಕೂತ. ಪಕ್ಕದಲ್ಲಿ ಯಾರೂ ಕೂರಲಿಲ್ಲ.

ಮೀಟರ್ ಇವನದಿರಬಹುದು, ಇವನ ಕೈಯಿಂದ ಕಿತ್ತುಕೊಂಡು ಒಳಗೆ ಹೋಗಿ ಆನ್ ಮಾಡಿದವಳು ನಾನು.